ದಾಖಲೆಯ ಬಾಳಿಕೆ

ಹೂಮಳೆ ಯಾವ ದಿನ ಬಿತ್ತು, ಎಷ್ಟು ಇಂಚು ಬಿತ್ತು, ಕೊಳೆರೋಗಕ್ಕೆ ಎಷ್ಟು ಸಲ ಬೋರ್ಡೋ ದ್ರಾವಣ ಸಿಂಪಡಿಸಿದ್ದಾಯಿತು ಎಂಬುದನ್ನೆಲ್ಲ ನಮ್ಮ ಹಿರಿಯರು ಪುಸ್ತಕದಲ್ಲಿ ಬರೆದಿಡುತ್ತಿದ್ದರು. ಈಗ ನಮ್ಮಲ್ಲಿ ಅನೇಕರು ಮೊಬೈಲಿನಲ್ಲೋ ಕಂಪ್ಯೂಟರಿನಲ್ಲೋ ಬರೆದಿಡುತ್ತೇವೆ. ಅನುಕೂಲವೇನೋ ಹೌದು. ಆದರೆ ಅದು ಮೊಮ್ಮಕ್ಕಳ ಕಾಲಕ್ಕೆ ಉಳಿದೀತೇ?

ಇಂಗ್ಲೆಂಡಿನ ಒಂದು ಸಂಗತಿ ಇಲ್ಲಿ ಗಮನಾರ್ಹ. 1086ರಲ್ಲಿ ದೊರೆ ಒಂದನೇ ವಿಲಿಯಂ ಜಮೀನುಗಳ ಲೆಕ್ಕವನ್ನು ತೊಗಲಿನ ಹಾಳೆಗಳ ಮೇಲೆ ಬರೆಯಿಸಿದನು. 'ಡೂಮ್ಸ್‌ಡೇ' ಎಂಬ ಆ ಪುಸ್ತಕವನ್ನು ಇಂದಿಗೂ ಓದಬಹುದು. ಅದರ 900ನೇ ವರ್ಷದ ನೆನಪಿಗಾಗಿ 1986ರಲ್ಲಿ ಬಿಬಿಸಿ ಸಂಸ್ಥೆಯು ಶಾಲಾಮಕ್ಕಳಿಂದ ಊರೂರಿನ ವಿವರ ತರಿಸಿ ಲೇಸರ್ ಡಿಸ್ಕುಗಳಲ್ಲಿ ತುಂಬಿಸಿತು. 2002ರ ವೇಳೆಗೆ ಡಿಸ್ಕುಗಳಿದ್ದವು, ಓದುವ ಯಂತ್ರಗಳೇ ಅಪರೂಪವಾಗಿದ್ದವು! ಹಳೆಯ ಯಂತ್ರದ ಕೆಲಸವನ್ನು ಹೊಸ ಕಂಪ್ಯೂಟರಿನಿಂದ ಮಾಡಿಸಲು ವಿಶ್ವವಿದ್ಯಾಲಯದ ತಜ್ಞರು ಶ್ರಮಪಡಬೇಕಾಯಿತು.

ಕೆಡುವ ಬಗೆಗಳು ಹಲವು. ಹಾರ್ಡ್ ಡಿಸ್ಕಿನ ತಿರುಗುವ ಭಾಗಗಳು ಸವೆಯುತ್ತವೆ. ಪೆನ್‌ಡ್ರೈವಿನಲ್ಲಿ ಬರಹವು ಸೂಕ್ಷ್ಮವಾದ ವಿದ್ಯುದಂಶವಾಗಿ ನಿಂತಿರುತ್ತದೆ; ವರ್ಷಗಟ್ಟಲೆ ಹಾಗೆಯೇ ಇಟ್ಟರೆ ಮೆಲ್ಲನೆ ಸೋರಿಹೋಗಬಹುದು, ಕಾವು ಹೆಚ್ಚಿದಲ್ಲಿ ಇನ್ನೂ ಬೇಗ. ಮನೆಯಲ್ಲಿ ಬರೆದ ಸಿ.ಡಿ.ಯ ಬಣ್ಣದ ಪದರವೂ ಮಾಸುತ್ತದೆ. ಇವುಗಳ ಜೊತೆಗೆ ನಮ್ಮ ಮಳೆಗಾಲದ ತೇವ ಮತ್ತು ಸಿಡಿಲು.

ಆದುದರಿಂದ ಸದಸ್ಯ ಬಾಂಧವರು ಈ ಕೆಳಗಿನಂತೆ ಮಾಡುವುದು ಒಳಿತು:

1. ಮುಖ್ಯ ದಾಖಲೆಗೆ ಮೂರು ಪ್ರತಿಗಳಿರಲಿ. ಅವು ಎರಡು ಬಗೆಯ ಸಾಧನಗಳಲ್ಲಿರಲಿ. ಒಂದು ಪ್ರತಿ ಬೇರೆ ಊರಿನಲ್ಲಿರಲಿ. ಎಲ್ಲ ಅಡಿಕೆಯನ್ನೂ ಒಂದೇ ಅಟ್ಟದಲ್ಲಿಟ್ಟರೆ ಸೂರು ಸೋರಿದಾಗ ಗತಿಯೇನು?

2. ಪ್ರತಿ ತೆಗೆದ ಮೇಲೆ ಡಿಸ್ಕನ್ನು ಕಂಪ್ಯೂಟರಿನಿಂದ ಬಿಡಿಸಿಡಿ. ಸಿಕ್ಕಿಸಿಯೇ ಬಿಟ್ಟರೆ ಒಂದೇ ಸಿಡಿಲಿಗೆ ಎರಡೂ ಹೋದಾವು.

3. ಮೊಬೈಲಿನಲ್ಲಿ ಅಳಿಸಿದ್ದು ಅದಕ್ಕೆ ಹೊಂದಿಸಿದ ಅಂತರ್ಜಾಲದ ಖಾತೆಯಲ್ಲೂ ಅಳಿಯುವುದುಂಟು. ಅದೊಂದನ್ನೇ ನಂಬಿ ಕೂರಬೇಡಿ.

4. ವರ್ಷಕ್ಕೊಮ್ಮೆ ಪ್ರತಿಗಳನ್ನು ತೆರೆದು ಓದಿ ನೋಡಿ. ದಾಸ್ತಾನಿನ ಚೀಲ ಬಿಚ್ಚದೆ ಹುಳು ಹಿಡಿದದ್ದು ತಿಳಿಯುವುದಿಲ್ಲವಷ್ಟೆ. ಕೆಲವು ವರ್ಷಗಳಿಗೊಮ್ಮೆ ಹೊಸ ಸಾಧನಕ್ಕೆ ನಕಲು ಮಾಡಿಕೊಳ್ಳಿ.

5. ಮಳೆಯ ಲೆಕ್ಕವನ್ನು ಕಾಗದದಲ್ಲಿಯೂ ಬರೆದಿಡಿ. ಜಮೀನಿನ ಮೂಲಪತ್ರಗಳ ಫೋಟೋ ತೆಗೆದಾಯಿತೆಂದು ಮೂಲವನ್ನು ಅಲಕ್ಷಿಸಬೇಡಿ.

ಬಿದ್ದುಹೋದ ಮರದ ಜಾಗದಲ್ಲಿ ಸಸಿ ನೆಡಬಹುದು. ಕಳೆದ ಮೂವತ್ತು ವರ್ಷಗಳ ಮಳೆಯನ್ನು ಮತ್ತೊಮ್ಮೆ ಅಳೆಯಲಾಗದು. ಈ ಮಳೆಗಾಲ ಹಿಡಿಯುವ ಮುಂಚೆಯೇ ಒಂದು ಪ್ರತಿಯನ್ನಾದರೂ ತೆಗೆದಿಡೋಣ.