ಬೀಜದ ಭತ್ತ ಉಣ್ಣಬಾರದು: ಕಾಂಡ್ಲಾ ಕಾಡು ಮತ್ತು ಹಾಲಕ್ಕಿ ಕೊಪ್ಪಕ್ಕೆ ಒಂದು ದಿನದ ಅಧ್ಯಯನ ಪ್ರವಾಸ



ಸಂಘದ ಸಭೆಯಲ್ಲಿ ‘ಪ್ರವಾಸ’ ಅಂದ ಕೂಡಲೇ ಎಲ್ಲರ ಮುಖ ಅರಳುತ್ತದೆ. ಅರಳಬೇಕಾದ್ದೇ. ವರ್ಷವಿಡೀ ಮನೆ, ಗದ್ದೆ, ಕೂಲಿ ಅಂತ ದುಡಿಯುವ ನಮಗೆ ಒಂದು ದಿನದ ಬಿಡುವು ಬೇಡವೇ? ಆದರೆ ಸಂಘದ ದುಡ್ಡಿನಲ್ಲಿ ಹೋಗುವಾಗ ನೋಡಿ ಬಂದರಷ್ಟೇ ಸಾಲದು, ಕಲಿತು ಬರಬೇಕು. ಹಾಗಾಗಿ ಘಟ್ಟದ ಮೇಲಿನ ನಮ್ಮ ಸಂಘಗಳ ಪ್ರತಿನಿಧಿಗಳು ಈ ಸಲ ದೂರದ ಊರು ಬಿಟ್ಟು, ನಮ್ಮದೇ ಉತ್ತರ ಕನ್ನಡದ ಕರಾವಳಿಗೆ ಇಳಿದೆವು. ಬೆಳಿಗ್ಗೆ ಹೊನ್ನಾವರದ ಕಾಂಡ್ಲಾ ಕಾಡು, ಮಧ್ಯಾಹ್ನದ ಹೊತ್ತಿಗೆ ಕುಮಟಾದ ಅಘನಾಶಿನಿ ಹಿನ್ನೀರು, ಸಂಜೆಗೆ ಅಂಕೋಲಾ ಕಡೆಯ ಹಾಲಕ್ಕಿ ಒಕ್ಕಲಿಗರ ಕೊಪ್ಪ. ಮೂರೂ ರಾಷ್ಟ್ರೀಯ ಹೆದ್ದಾರಿ 66ರ ಆಚೀಚೆಯೇ ಇರುವುದರಿಂದ ಒಂದೇ ದಿನಕ್ಕೆ ಸಾಕಾಗುತ್ತದೆ. ಹೋಗಲಾಗದ ಸಹೋದರಿಯರಿಗೂ ಈ ಪಾಠ ಉಪಯೋಗವಾಗಲಿ ಅಂತ ಇಲ್ಲಿ ಬರೆಯುತ್ತಿದ್ದೇವೆ.

1. ಕೆಸರಿನಲ್ಲಿ ನಿಂತ ಕಾಡು

ಹೊನ್ನಾವರದ ಹತ್ತಿರ ಕಾಸರಕೋಡಿನಲ್ಲಿ, ಶರಾವತಿ ನದಿ ಸಮುದ್ರ ಸೇರುವ ಕಡೆ, ಅರಣ್ಯ ಇಲಾಖೆಯವರು ಕಾಂಡ್ಲಾ ಮರಗಳ ನಡುವೆ ಹಲಗೆಯ ಕಾಲುದಾರಿ ಮಾಡಿದ್ದಾರೆ. ಕಾಲಿಗೆ ಕೆಸರು ತಾಗದೆ ಕಾಡಿನೊಳಗೆ ನಡೆಯಬಹುದು. ಹೋಗುವವರು ನೀರು ಇಳಿದಿರುವ ಹೊತ್ತು ನೋಡಿ ಹೋಗಿ. ಉಬ್ಬರದ ಹೊತ್ತಿಗೆ ಬೇರು ಮುಳುಗಿರುತ್ತವೆ. ಇಳಿತದಲ್ಲಿ ಮಾತ್ರ ಈ ಕಾಡಿನ ಗುಟ್ಟು ಕಾಣುವುದು.

ಇಂಗ್ಲಿಷಿನವರು ಮ್ಯಾಂಗ್ರೋವ್ ಅನ್ನುವುದು ಇದಕ್ಕೇ. ಉಪ್ಪು ನೀರು ತಾಗಿದರೆ ನಮ್ಮ ಅಡಿಕೆ, ಭತ್ತ ಸುಟ್ಟು ಹೋಗುತ್ತವೆ. ಆದರೆ ಈ ಮರಗಳು ದಿನಕ್ಕೆ ಎರಡು ಸಲ ಉಪ್ಪು ನೀರಿನಲ್ಲಿ ನೆನೆದೂ ಹಸಿರಾಗಿವೆ. ಕೆಲವು ಜಾತಿ ಬೇರಿನಲ್ಲೇ ಉಪ್ಪನ್ನು ತಡೆಯುತ್ತವೆ. ಕೆಲವು ಎಲೆಯ ಮೂಲಕ ಹೊರಗೆ ಹಾಕುತ್ತವೆ. ಅಂಥ ಎಲೆಯನ್ನು ನಾಲಿಗೆಗೆ ತಾಗಿಸಿದರೆ ಉಪ್ಪು ರುಚಿಯೇ ಹತ್ತುತ್ತದೆ. ಕೆಸರಿನಲ್ಲಿ ಗಾಳಿ ಇಲ್ಲವಲ್ಲ, ಅದಕ್ಕೇ ಕೆಲವು ಮರಗಳ ಬೇರು ಪೆನ್ಸಿಲ್ ನೆಟ್ಟ ಹಾಗೆ ಮೇಲಕ್ಕೆ ಎದ್ದು ಉಸಿರಾಡುತ್ತವೆ. ಇನ್ನು ಕೆಲವು ಊರುಗೋಲಿನಂಥ ಬೇರುಗಳನ್ನು ಸುತ್ತಲೂ ಊರಿ ನಿಂತಿವೆ.

ಎಲ್ಲಕ್ಕಿಂತ ನಮ್ಮನ್ನು ಹಿಡಿದು ನಿಲ್ಲಿಸಿದ್ದು ಅದರ ಬೀಜ. ಒಂದು ಜಾತಿಯ ಮರದಲ್ಲಿ ನುಗ್ಗೆಕಾಯಿಯ ಹಾಗೆ ಉದ್ದುದ್ದ ಜೋತು ಬಿದ್ದಿದ್ದವು. “ಇದು ಕಾಯಾ ಸಿಸ್ಟರ್?” ಅಂತ ಒಬ್ಬ ಅಕ್ಕ ಕೇಳಿದರು. ಅದು ಕಾಯಲ್ಲ, ಸಸಿ. ಬೀಜ ಉಪ್ಪು ಕೆಸರಿಗೆ ಬಿದ್ದರೆ ಬದುಕುವುದು ಕಷ್ಟ. ಅದಕ್ಕೇ ತಾಯಿ ಮರ ಅದನ್ನು ಕೊಂಬೆಯಲ್ಲೇ ಮೊಳಕೆ ಬರಿಸಿ, ನೆಟ್ಟಗೆ ನಿಲ್ಲುವಷ್ಟು ಬೆಳೆಸಿ, ಆಮೇಲೆ ಬೀಳಲು ಬಿಡುತ್ತದೆ. ಬಿದ್ದದ್ದು ಅಲ್ಲೇ ಊರಿಕೊಳ್ಳುತ್ತದೆ, ಇಲ್ಲವೇ ನೀರಿನಲ್ಲಿ ತೇಲಿ ಬೇರೆ ಕಡೆ ನೆಲೆ ಹುಡುಕುತ್ತದೆ.

ಈ ಕಾಡಿನಿಂದ ನಮಗೇನು ಲಾಭ? ಬೇರುಗಳ ಸಂದಿಯಲ್ಲಿ ಸೀಗಡಿ, ಏಡಿ, ಮೀನಿನ ಮರಿಗಳು ದೊಡ್ಡ ಮೀನಿಗೆ ಸಿಗದೆ ಬೆಳೆಯುತ್ತವೆ. ಉದುರಿದ ಎಲೆ ಕೊಳೆತು ಅವುಗಳ ಆಹಾರದ ಸರಪಳಿ ಶುರುವಾಗುತ್ತದೆ. ಸಂತೆಯಲ್ಲಿ ನಾವು ಕೊಳ್ಳುವ ಎಷ್ಟೋ ಮೀನಿನ ಬಾಲವಾಡಿ ಇದು. ಬೇರು ಮಣ್ಣನ್ನು ಹಿಡಿದು ದಡ ಕೊಚ್ಚಿ ಹೋಗದಂತೆ ಕಾಯುತ್ತದೆ, ಅಲೆಯ ಹೊಡೆತ ತಗ್ಗಿಸುತ್ತದೆ. 2004ರ ಡಿಸೆಂಬರ್ ಸುನಾಮಿಯಲ್ಲಿ ತಮಿಳುನಾಡಿನ ಪಿಚ್ಚಾವರಂ ಸುತ್ತ ಇಂಥ ಕಾಡಿನ ಹಿಂದೆ ಇದ್ದ ಊರುಗಳಿಗೆ ಹಾನಿ ಕಡಿಮೆಯಾದದ್ದನ್ನು ಪರಿಣತರು ಗುರುತಿಸಿದ್ದಾರೆ.

ಇಷ್ಟು ಉಪಕಾರಿ ಕಾಡು ನಮ್ಮಲ್ಲಿ ಎಷ್ಟಿದೆ? 2021ರ ಅರಣ್ಯ ಸಮೀಕ್ಷೆಯ ಪ್ರಕಾರ ಇಡೀ ದೇಶದಲ್ಲಿ 4,992 ಚದರ ಕಿಲೋಮೀಟರ್. ಅದರಲ್ಲಿ ಕರ್ನಾಟಕದ ಪಾಲು ಬರೀ 13. ಕಡಿದರೆ ಮುಗಿದೇ ಹೋಯಿತು ಅನ್ನುವಷ್ಟು ಕಡಿಮೆ. ಅದಕ್ಕೇ 2011 ಮತ್ತು 2019ರ ಕರಾವಳಿ ನಿಯಂತ್ರಣ ವಲಯದ ಅಧಿಸೂಚನೆಗಳು ಕಾಂಡ್ಲಾ ಕಾಡನ್ನು ಅತಿ ಹೆಚ್ಚು ರಕ್ಷಣೆಯ ಜಾಗಗಳ ಸಾಲಿಗೆ ಸೇರಿಸಿವೆ.

2. ಉಪ್ಪು ನೀರಿನ ಭತ್ತ

ಅಘನಾಶಿನಿ ನಮ್ಮ ಹೊಳೆ. ಶಿರಸಿಯ ಹತ್ತಿರ ಹುಟ್ಟಿ, ಉಂಚಳ್ಳಿಯಲ್ಲಿ ಧುಮುಕಿ, ಎಲ್ಲೂ ದೊಡ್ಡ ಅಣೆಕಟ್ಟಿಗೆ ಸಿಗದೆ ಕುಮಟಾ ತಾಲ್ಲೂಕಿನಲ್ಲಿ ಕಡಲು ಸೇರುತ್ತದೆ. ಮಳೆಗಾಲದಲ್ಲಿ ಸಿಹಿ ನೀರು, ಬೇಸಿಗೆಯಲ್ಲಿ ಉಪ್ಪು ನೀರು ಹದವಾಗಿ ಬೆರೆಯುವುದರಿಂದ ಇಲ್ಲಿಯ ಅಳಿವೆ ಸಮೃದ್ಧ. 2024ರಲ್ಲಿ ಅಘನಾಶಿನಿ ಅಳಿವೆಯ 4,801 ಹೆಕ್ಟೇರ್ ಪ್ರದೇಶ ರಾಮ್ಸರ್ ಪಟ್ಟಿಗೆ ಸೇರಿತು. ಅಂದರೆ ಜಗತ್ತೇ ಕಾಪಾಡಬೇಕಾದ ಜೌಗು ಪ್ರದೇಶ ಅಂತ ಲೆಕ್ಕ.

ನೀರು ಇಳಿದಾಗ ಹೆಂಗಸರು ಬುಟ್ಟಿ ಹಿಡಿದು ಕೆಸರಿಗೆ ಇಳಿಯುತ್ತಾರೆ. ಬಳಚು ಆರಿಸುತ್ತಾರೆ. ಅಂಬಿಗರು, ಹರಿಕಂತ್ರರು, ಹಾಲಕ್ಕಿಗಳು, ಮುಸ್ಲಿಮರು, ಎಲ್ಲರ ಮನೆಗೂ ಈ ಕೆಸರಿನಿಂದ ಅನ್ನ ಬರುತ್ತದೆ. ಬಂಡವಾಳ ಬೇಡ, ದೋಣಿಯೂ ಕಡ್ಡಾಯವಲ್ಲ. ಗೊತ್ತಿರಬೇಕಾದದ್ದು ಒಂದೇ: ಯಾವ ಹೊತ್ತಿಗೆ, ಎಲ್ಲಿ, ಎಷ್ಟು. ಇದೂ ಉದ್ಯೋಗವೇ, ಇದೂ ವಿದ್ಯೆಯೇ. ಆದರೆ ಸರ್ಕಾರಿ ಅರ್ಜಿಯಲ್ಲಿ ಇಂಥ ಹೆಂಗಸರ ಉದ್ಯೋಗದ ಮುಂದೆ ‘ಮನೆಗೆಲಸ’ ಅಂತ ಬರೆದು ಮುಗಿಸುತ್ತಾರೆ ಅಲ್ವಾ?

ದಡದ ತಗ್ಗು ಗದ್ದೆಗಳಿಗೆ ಇಲ್ಲಿ ಗಜನಿ ಅನ್ನುತ್ತಾರೆ. ಮಾಣಿಕಟ್ಟಾ ಸುತ್ತ ಅದರಲ್ಲಿ ‘ಕಗ್ಗ’ ಅನ್ನುವ ಭತ್ತ ಬೆಳೆಯುತ್ತಾರೆ. ಉಪ್ಪು ತಡೆಯುತ್ತದೆ, ನೆರೆಯಲ್ಲಿ ಕೆಲವು ದಿನ ಮುಳುಗಿದರೂ ಸಾಯುವುದಿಲ್ಲ, ಗೊಬ್ಬರ ಕೇಳುವುದಿಲ್ಲ. ಮಳೆಗಾಲದಲ್ಲಿ ಬೆಳೆದು ತೆನೆ ಕೊಯ್ದ ಮೇಲೆ ಬಾಗಿಲು ತೆಗೆದು ಉಪ್ಪು ನೀರು ಒಳಗೆ ಬಿಡುತ್ತಾರೆ. ಉಳಿದ ಹುಲ್ಲು ಕೊಳೆತು ಸೀಗಡಿ, ಮೀನಿಗೆ ಮೇವಾಗುತ್ತದೆ. ಅವುಗಳ ಹಿಕ್ಕೆ ಮುಂದಿನ ಭತ್ತಕ್ಕೆ ಗೊಬ್ಬರ. ಗದ್ದೆಯ ಒಡ್ಡನ್ನು ಹೊರಗಿನ ಕಾಂಡ್ಲಾ ಮರಗಳು ಕಾಯುತ್ತವೆ. ಒಡ್ಡು ಒಬ್ಬರ ಕೈಯಲ್ಲಿ ನಿಲ್ಲುವಂಥದ್ದಲ್ಲ, ಎಲ್ಲರೂ ಸೇರಿ ಕಟ್ಟಬೇಕು.

1990ರ ದಶಕದಲ್ಲಿ ಕರಾವಳಿಯಲ್ಲಿ ಸೀಗಡಿ ಸಾಕಣೆಯ ಹುಚ್ಚು ಹತ್ತಿತು. ಬೇಗ ದುಡ್ಡು ಸಿಗುತ್ತದೆ ಅಂತ ಎಷ್ಟೋ ಗಜನಿಗಳಲ್ಲಿ ಭತ್ತ ಬಿಟ್ಟರು. ಬಿಳಿ ಚುಕ್ಕೆ ರೋಗ ಬಂದು ಸೀಗಡಿ ಸತ್ತು, ಹಾಕಿದ ಸಾಲ ಉಳಿಯಿತು. ಅಷ್ಟರಲ್ಲಿ ಎಷ್ಟೋ ಮನೆಯಲ್ಲಿ ಕಗ್ಗದ ಬೀಜವೂ ಇರಲಿಲ್ಲ. ಸೀಗಡಿ ಹೋದರೆ ಮತ್ತೆ ತರಬಹುದು. ಹೊಳೆಯ ಉಪ್ಪಿಗೆ ನೂರಾರು ವರ್ಷ ಒಗ್ಗಿಕೊಂಡ ಬೀಜ ಹೋದರೆ ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ಛಲ ಬಿಡದ ಕೆಲವು ರೈತರು ಬೀಜ ಉಳಿಸಿಕೊಂಡದ್ದರಿಂದ ಕಗ್ಗ ಇನ್ನೂ ಪೂರ್ತಿ ಅಳಿದಿಲ್ಲ.

3. ಹಾಲಕ್ಕಿ ಕೊಪ್ಪದಲ್ಲಿ

ಹಾಲಕ್ಕಿ ಒಕ್ಕಲಿಗರು ಕಾರವಾರ, ಅಂಕೋಲಾ, ಕುಮಟಾ, ಹೊನ್ನಾವರ ಕಡೆ ಕಾಡಿಗೂ ಕಡಲಿಗೂ ನಡುವಿನ ನೆಲದಲ್ಲಿ ಬಾಳಿಕೊಂಡು ಬಂದ ಮೂಲ ಜನ. ಅವರ ಕೇರಿಗೆ ಕೊಪ್ಪ ಅಂತಾರೆ. ಊರ ಗೌಡ, ಬುಧವಂತ, ಕೋಲಕಾರ ಅಂತ ಊರ ವ್ಯವಹಾರ ನೋಡಿಕೊಳ್ಳಲು ಅವರದೇ ಏರ್ಪಾಡು ಇದೆ. ಸುಗ್ಗಿ ಹಬ್ಬದಲ್ಲಿ ಬಣ್ಣದ ತುರಾಯಿ ಕಟ್ಟಿ ಕುಣಿಯುತ್ತಾರೆ. ಮಣ್ಣಿನ ಗುಮಟೆ ಬಾರಿಸಿ ಹಾಡುತ್ತಾರೆ. ಹಿರಿಯ ಹೆಂಗಸರು ಕೊರಳ ತುಂಬ ಕರಿಮಣಿ ಸರ ಹಾಕಿ, ರವಿಕೆ ಇಲ್ಲದೆ ಹೆಗಲಿಗೆ ಗಂಟು ಹಾಕಿ ಸೀರೆ ಉಡುತ್ತಾರೆ. ತರಕಾರಿ ಬೆಳೆದು ತಲೆಯ ಮೇಲೆ ಹೊತ್ತು ಪೇಟೆಗೆ ಒಯ್ದು ಮಾರುವ ಗಟ್ಟಿಗಿತ್ತಿಯರು.

ಇಬ್ಬರನ್ನು ನೆನೆಯದೆ ಈ ಪಾಠ ಮುಗಿಯುವುದಿಲ್ಲ. ಹೊನ್ನಳ್ಳಿಯ ತುಳಸಿ ಗೌಡ ಶಾಲೆಗೆ ಹೋದವರಲ್ಲ. ಅರಣ್ಯ ಇಲಾಖೆಯ ನರ್ಸರಿಯಲ್ಲಿ ದಿನಗೂಲಿಗೆ ಸೇರಿ, ಯಾವ ತಾಯಿ ಮರದ ಬೀಜವನ್ನು ಯಾವಾಗ ಆರಿಸಬೇಕು ಅನ್ನುವುದನ್ನು ಕೈಯಿಂದಲೇ ಕಲಿತರು. 2020ರ ಪದ್ಮಶ್ರೀಯನ್ನು 2021ರಲ್ಲಿ ರಾಷ್ಟ್ರಪತಿಗಳಿಂದ ಪಡೆಯುವಾಗ ಬರಿಗಾಲಲ್ಲಿ, ತಮ್ಮದೇ ಉಡುಗೆಯಲ್ಲಿ ಹೋದರು. 2024ರ ಡಿಸೆಂಬರಿನಲ್ಲಿ ತೀರಿಕೊಂಡರು. ಬಡಗೇರಿಯ ಸುಕ್ರಿ ಬೊಮ್ಮಗೌಡರು ಓದು ಬರಹ ಇಲ್ಲದೆಯೇ ತಮ್ಮ ಜನರ ಹಾಡುಗಳ ಭಂಡಾರವಾಗಿದ್ದರು. ಸಾರಾಯಿ ವಿರುದ್ಧ ಹೆಂಗಸರನ್ನು ಕಟ್ಟಿಕೊಂಡು ಹೋರಾಡಿದರು. 2017ರಲ್ಲಿ ಪದ್ಮಶ್ರೀ ಬಂತು. 2025ರ ಫೆಬ್ರವರಿಯಲ್ಲಿ ಅವರೂ ಹೋದರು. ಮೂರು ತಿಂಗಳೊಳಗೆ ಒಂದೇ ತಾಲ್ಲೂಕು ಇಬ್ಬರು ಅಜ್ಜಿಯರನ್ನು ಕಳೆದುಕೊಂಡಿತು. ಅವರಿಂದ ಕಲಿತವರು ಇರುವಷ್ಟು ದಿನ ಮಾತ್ರ ಆ ವಿದ್ಯೆ ಉಳಿಯುತ್ತದೆ.

ಇಲ್ಲಿ ಒಂದು ಎಚ್ಚರಿಕೆ. ಹಾಲಕ್ಕಿ ಅಜ್ಜಿಯರು ನೋಟಕ್ಕೆ ಇಟ್ಟ ಬೊಂಬೆಗಳಲ್ಲ. ಬಸ್ಸಿನಿಂದ ಇಳಿದು ಮೊಬೈಲ್ ಹಿಡಿದು “ಅಜ್ಜಿ, ಒಂದು ಹಾಡು ಹೇಳಿ” ಅನ್ನುವುದು ಕಲಿಕೆಯಲ್ಲ. ತಮ್ಮನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಬೇಕು ಅಂತ ಅವರು ಬಹಳ ವರ್ಷಗಳಿಂದ ಕೇಳುತ್ತಿದ್ದಾರೆ. ವೇದಿಕೆಯಲ್ಲಿ ಅವರ ಕುಣಿತಕ್ಕೆ ಚಪ್ಪಾಳೆ ಹೊಡೆದು, ಅವರ ಜಮೀನು, ಶಾಲೆ, ಆಸ್ಪತ್ರೆಯ ಮಾತು ಬಂದಾಗ ಸುಮ್ಮನಿದ್ದರೆ ಅದು ಗೌರವವಲ್ಲ. ನಾವು ಮೊದಲೇ ಅಲ್ಲಿಯ ಮಹಿಳಾ ಸಂಘಕ್ಕೆ ತಿಳಿಸಿ, ಅವರು ಕರೆದ ಮೇಲೆ ಹೋದೆವು. ಊಟಕ್ಕೆ ಅವರು ಹೇಳಿದ ಬೆಲೆ ಕೊಟ್ಟೆವು, ಚೌಕಾಸಿ ಮಾಡಲಿಲ್ಲ. ಕೇಳದೆ ಫೋಟೋ ತೆಗೆಯಲಿಲ್ಲ. ಮೊದಲು ನಮ್ಮ ಸಂಘದ ಕಷ್ಟಸುಖ ಹೇಳಿಕೊಂಡೆವು, ಆಮೇಲೆ ಅವರದು ಕೇಳಿದೆವು. ಸಾಲದ ಕಂತು, ಮಕ್ಕಳ ಓದು, ಗಂಡಸರ ಕುಡಿತ... ಮಾತು ಶುರುವಾದ ಮೇಲೆ ಯಾರು ಹಾಲಕ್ಕಿ, ಯಾರು ಘಟ್ಟದವರು ಅಂತ ಗೊತ್ತಾಗಲಿಲ್ಲ.

4. ನಾವು ಕಲಿತದ್ದು

ಹಸಿವಾದರೂ ಬೀಜದ ಭತ್ತ ಉಣ್ಣಬಾರದು ಅನ್ನುವುದು ರೈತರ ಮನೆಯ ಹಳೆಯ ನಿಯಮ. ಆ ದಿನ ನೋಡಿದ ಮೂರೂ ಕಡೆ ಅದೇ ಕಂಡಿತು. ಕಾಂಡ್ಲಾ ಮರ ಸಸಿಯನ್ನು ಗಟ್ಟಿ ಮಾಡಿಯೇ ಬಿಡುತ್ತದೆ. ಕಗ್ಗದ ರೈತ ಮುಂದಿನ ವರ್ಷಕ್ಕೆ ಬೀಜ ಎತ್ತಿಡುತ್ತಾನೆ. ತುಳಸಿ ಅಜ್ಜಿ ಬದುಕಿಡೀ ಬೀಜ ಆರಿಸಿದರು. ಬಳಚು ಆರಿಸುವವಳು ಮರಿಯನ್ನೂ ಬಾಚಿದರೆ ಮರುವರ್ಷ ಬುಟ್ಟಿ ಖಾಲಿ. ಇವತ್ತಿನ ಆಸೆಗೆ ನಾಳೆಯದನ್ನು ತಿಂದವರ ಕಥೆ ಸೀಗಡಿ ಹೊಂಡದಲ್ಲಿದೆ.

ನಮ್ಮ ಸಂಘದ ಉಳಿತಾಯವೂ ಬೀಜದ ಭತ್ತವೇ. ಮದುವೆಯ ಆಡಂಬರಕ್ಕೆ ತೆಗೆದರೆ ಉಂಡ ಹಾಗೆ. ಹಸು, ಹೊಲಿಗೆ ಯಂತ್ರ, ಮಗಳ ಓದಿಗೆ ತೆಗೆದರೆ ಬಿತ್ತಿದ ಹಾಗೆ. ಇನ್ನೊಂದು ಮಾತು: ಘಟ್ಟದ ಮೇಲೆ ನಾವು ಹಳ್ಳಕ್ಕೆ ಎಸೆದ ಪ್ಲಾಸ್ಟಿಕ್, ತೋಟಕ್ಕೆ ಹೊಡೆದ ವಿಷ ಹೊಳೆಯಲ್ಲೇ ಕೆಳಗೆ ಹೋಗುತ್ತದೆ. ಕಾಂಡ್ಲಾ ಬೇರಿಗೆ ಸಿಕ್ಕಿಕೊಂಡ ಹಾಲಿನ ಪ್ಯಾಕೆಟ್ ನಮ್ಮೂರಿನದೂ ಆಗಿರಬಹುದು.

ಮುಂದಿನ ಸಭೆಯಲ್ಲಿ ಚರ್ಚಿಸಿ, ನಿರ್ಣಯ ಪುಸ್ತಕದಲ್ಲಿ ಬರೆಯಿರಿ

- ನಮ್ಮ ಊರಿನಲ್ಲಿ ಕಳೆದು ಹೋದ ಭತ್ತ, ತರಕಾರಿ ಬೀಜ ಯಾವುವು? ಯಾರ ಮನೆಯಲ್ಲಿ ಇನ್ನೂ ಇದೆ? ಪ್ರತಿ ಸದಸ್ಯೆ ಒಂದು ಹಿಡಿ ತಂದು ಸಂಘದ ಬೀಜದ ಡಬ್ಬಿ ಶುರು ಮಾಡಬಹುದೇ?
- ನಮ್ಮೂರ ಹಿರಿಯ ಹೆಂಗಸರಿಗೆ ಗೊತ್ತಿರುವ ಹಾಡು, ಮದ್ದು, ಅಡುಗೆಯನ್ನು ಓದು ಬಲ್ಲ ಹುಡುಗಿಯರಿಂದ ಬರೆಸಿಡಲು ಯಾರು ಮುಂದೆ ಬರುತ್ತೀರಿ?
- ಹಳ್ಳಕ್ಕೆ ಕಸ ಹಾಕುವುದನ್ನು ನಿಲ್ಲಿಸಲು ಗ್ರಾಮಸಭೆಯಲ್ಲಿ ನಾವು ಏನು ಕೇಳಬೇಕು?
- ಕಳೆದ ವರ್ಷ ಸಂಘದಿಂದ ತೆಗೆದ ಸಾಲದಲ್ಲಿ ಉಂಡದ್ದೆಷ್ಟು, ಬಿತ್ತಿದ್ದೆಷ್ಟು? ಯಾರನ್ನೂ ಹೆಸರಿಸಿ ನೋಯಿಸದೆ ಒಟ್ಟು ಲೆಕ್ಕ ಹಾಕಿ ನೋಡಿ.