ಮುರಿದ ಕಾಲಿಗೆ ಎಷ್ಟು ಪರಿಹಾರ?

ತಮ್ಮನಿಗೆ ಅಪಘಾತವಾದ ಮೇಲೆ ಉತ್ತರಹಳ್ಳಿಯಲ್ಲಿ ಸಿಕ್ಕವರೆಲ್ಲ ನನ್ನನ್ನು ಕೇಳುವುದು ಒಂದೇ: "ಕಾಲು ಮುರಿದರೆ ಎಷ್ಟು ಕೊಡ್ತಾರೆ?" ಯಾರ ಕಾಲು, ಅವರು ಏನು ಕೆಲಸ ಮಾಡುತ್ತಿದ್ದರು, ಅದಕ್ಕೆ ದಾಖಲೆ ಏನಿದೆ ಎಂದು ತಿರುಗಿ ಕೇಳದೆ ಇದಕ್ಕೆ ಉತ್ತರ ಹೇಳಲಾಗದು.

ತಮ್ಮ ಎಲೆಕ್ಟ್ರಿಷಿಯನ್. ಕೆಂಗೇರಿ ರಸ್ತೆಯಲ್ಲಿ ಗೂಡ್ಸ್ ಟೆಂಪೊ ಅವನ ಸ್ಕೂಟರಿಗೆ ಗುದ್ದಿತು. ಮೊಣಕಾಲ ಕೆಳಗೆ ಮೂಳೆ ಮುರಿದು ರಾಡ್ ಹಾಕಬೇಕಾಯಿತು. ಟೆಂಪೊ ಮಾಲೀಕ ಆಸ್ಪತ್ರೆಗೇ ಬಂದು, "ಕೇಸು ಗೀಸು ಅಂತ ಯಾಕೆ ಅಲೀತೀರ ಸಾರ್, ಇಪ್ಪತ್ತು ಸಾವಿರ ಇಟ್ಕೊಳ್ಳಿ" ಅಂದ. ಥರ್ಡ್ ಪಾರ್ಟಿ ವಿಮೆ ಚಾಲ್ತಿಯಲ್ಲಿದ್ದರೆ ಹಣ ಕಟ್ಟುವುದು ಕಂಪನಿ ಎಂಬುದು ಪಾಪ ಅವನಿಗೂ ಗೊತ್ತಿರಲಿಲ್ಲ. ಗಾಡಿ ನಂಬರನ್ನು ಎಂಪರಿವಾಹನ್ ಆಪಿಗೆ ಹಾಕಿ ನೋಡಿದೆ, ವಿಮೆ ಇತ್ತು.

ಆ ಇಪ್ಪತ್ತು ಸಾವಿರಕ್ಕಿಂತ ನನ್ನನ್ನು ಹೆದರಿಸಿದ್ದು ಆಸ್ಪತ್ರೆಯ ಚೀಟಿ. ಕ್ಯಾಷುವಾಲ್ಟಿಯಲ್ಲಿ ಯಾರೋ ಅವಸರಕ್ಕೆ "ಸ್ಕೂಟರಿನಿಂದ ಬಿದ್ದು ಗಾಯ" ಎಂದು ಬರೆದಿದ್ದರು. ಟೆಂಪೊ ಸುದ್ದಿಯೇ ಇಲ್ಲ. "ಇವರು ತಾವೇ ಬಿದ್ದಿದ್ದಾರೆ, ಸ್ವಾಮಿ" ಎನ್ನಲು ವಿಮಾ ಕಂಪನಿಯ ವಕೀಲರಿಗೆ ಇಷ್ಟು ಧಾರಾಳ. ಡ್ಯೂಟಿ ಡಾಕ್ಟರನ್ನು ಹಿಡಿದು ನಡೆದದ್ದನ್ನು ಬರೆಸಿ, ಎಂಎಲ್‌ಸಿ (ಮೆಡಿಕೊ ಲೀಗಲ್ ಕೇಸ್) ಮಾಡಿಸಿ, ಅಂದೇ ಸಂಚಾರ ಠಾಣೆಗೆ ದೂರು ಕೊಟ್ಟೆವು.

ಬೆಂಗಳೂರಿನಲ್ಲಿ ಅಪಘಾತ ಪರಿಹಾರದ ಅರ್ಜಿಗಳು ಲಘು ವ್ಯವಹಾರಗಳ ನ್ಯಾಯಾಲಯಕ್ಕೆ ಹೋಗುತ್ತವೆ. ನಮ್ಮದು ಮೇಯೊ ಹಾಲ್‌ನಲ್ಲಿರುವ ಕೋರ್ಟಿಗೆ ಬಿತ್ತು. ಆಸ್ಪತ್ರೆ ಬಿಲ್ಲು, ನೋವು, ಆರೈಕೆ, ಮುಂದೆ ರಾಡ್ ತೆಗೆಸುವ ಖರ್ಚು ಇವಕ್ಕೆಲ್ಲ ಬೇರೆ ಬೇರೆ ಬಾಬ್ತು ಇವೆ. ದೊಡ್ಡ ಮೊತ್ತ ಮಾತ್ರ ಮುಂದಿನ ದುಡಿಮೆಯ ನಷ್ಟದ್ದು. ತಿಂಗಳ ಆದಾಯವನ್ನು 12ರಿಂದ ಗುಣಿಸಿ, ವಯಸ್ಸಿನ ಗುಣಕದಿಂದ ಗುಣಿಸಿ, ಅಂಗವೈಕಲ್ಯದ ಶೇಕಡಾವಾರು ಹಾಕುತ್ತಾರೆ. ಗುಣಕದ ಪಟ್ಟಿಯನ್ನು ಸುಪ್ರೀಂ ಕೋರ್ಟ್ 2009ರಲ್ಲಿ ನಿಗದಿ ಮಾಡಿದೆ. 38 ವರ್ಷದವರಿಗೆ 15. ಕಾಲಿಗೆ ಶೇ 36 ವೈಕಲ್ಯ ಎಂದು ವೈದ್ಯರು ಹೇಳಿದರೆ ನಮ್ಮ ರಾಜ್ಯದ ಕೋರ್ಟುಗಳು ಸಾಮಾನ್ಯವಾಗಿ ಅದರ ಮೂರನೇ ಒಂದು ಭಾಗವನ್ನಷ್ಟೇ, ಅಂದರೆ ಶೇ 12ನ್ನು, ಇಡೀ ದೇಹಕ್ಕೆ ಹಿಡಿಯುತ್ತವೆ. ಆದಾಯ 15,000 ಎಂದಾದರೆ 3,24,000 ರೂಪಾಯಿ. 25,000 ಎಂದಾದರೆ 5,40,000. ಮುರಿದದ್ದು ಅದೇ ಮೂಳೆ.

ಇಲ್ಲಿ ವಾದಿಸಲು ಜಾಗ ಇದೆ. ದೇಹದ ವೈಕಲ್ಯವೇ ಬೇರೆ, ಗಳಿಕೆಯ ನಷ್ಟವೇ ಬೇರೆ ಎಂದು ಸುಪ್ರೀಂ ಕೋರ್ಟ್ 2010ರಲ್ಲಿ ಸ್ಪಷ್ಟ ಮಾಡಿದೆ. ಕುಳಿತು ಟೈಪ್ ಮಾಡುವವರಿಗೆ ಶೇ 12 ಇರಬಹುದು. ಏಣಿ ಹತ್ತಲಾಗದ ಎಲೆಕ್ಟ್ರಿಷಿಯನ್‌ಗೆ ಶೇ 20 ಎಂದು ಕೋರ್ಟು ಒಪ್ಪಿದರೆ, 25,000ದ ಲೆಕ್ಕದಲ್ಲೇ ಮೊತ್ತ 9 ಲಕ್ಷಕ್ಕೆ ಏರುತ್ತದೆ. ಕಾಲು ಕಳೆದುಕೊಂಡ ಕರ್ನಾಟಕದ 24ರ ತರಕಾರಿ ವ್ಯಾಪಾರಿಯೊಬ್ಬರ ಪ್ರಕರಣದಲ್ಲಿ 2014ರಲ್ಲಿ ಸುಪ್ರೀಂ ಕೋರ್ಟ್ ತಿಂಗಳಿಗೆ 6,500 ಆದಾಯ ಹಿಡಿದು, ಅದಕ್ಕೆ ಅರ್ಧದಷ್ಟು ಭವಿಷ್ಯದ ಹೆಚ್ಚಳ ಸೇರಿಸಿ, ವೈಕಲ್ಯ ಶೇ 85 ಎಂದು ಎಣಿಸಿ, ಗಳಿಕೆಯ ನಷ್ಟಕ್ಕೇ 17,90,100 ರೂಪಾಯಿ ಕೊಟ್ಟಿತು. ವೈದ್ಯರ ಸಾಕ್ಷ್ಯ ಮಾಡಿಸುವಾಗ "ಕಾಲಿಗೆ ಎಷ್ಟು" ಎಂದಷ್ಟೇ ಕೇಳಿಸಿ ಬಿಟ್ಟರೆ ಸಾಲದು. ಏಣಿ ಹತ್ತಬಹುದೇ, ಭಾರ ಹೊರಬಹುದೇ ಎಂದೂ ಕೇಳಿಸಬೇಕು.

ಆದಾಯಕ್ಕೆ ತಮ್ಮನ ಬಳಿ ಸಂಬಳದ ಚೀಟಿ ಎಲ್ಲಿಂದ ಬರಬೇಕು? ದಾಖಲೆ ಇಲ್ಲದಿದ್ದರೆ ಕೋರ್ಟು ಲೋಕ ಅದಾಲತ್‌ಗಳಿಗೆಂದು ಮಾಡಿರುವ ಕಾಲ್ಪನಿಕ ಆದಾಯದ ಪಟ್ಟಿಗೆ ಹೋಗುತ್ತದೆ. ಅಪಘಾತವಾದ ವರ್ಷಕ್ಕೆ ಇಂತಿಷ್ಟು ಎಂದು ಒಂದು ಮೊತ್ತ, ಕಸುಬಿನ ಪರಿಣತಿಗೆ ಅಲ್ಲಿ ಬೆಲೆ ಕಡಿಮೆ. ಅವನ ಕೈಹಿಡಿದದ್ದು ಫೋನ್‌ಪೇ. ವೈರಿಂಗ್ ಕೂಲಿ, ಫ್ಯಾನ್ ರಿಪೇರಿ, ಅಪಾರ್ಟ್‌ಮೆಂಟಿನ ಮೇಂಟೆನೆನ್ಸ್ ಎಲ್ಲ ಬ್ಯಾಂಕ್ ಸ್ಟೇಟ್‌ಮೆಂಟಿನಲ್ಲಿ ಸಾಲಾಗಿ ಇದ್ದವು. ಪಟ್ಟಿಗಿಂತ ಹೆಚ್ಚಿನ ಆದಾಯವನ್ನು ಕೋರ್ಟು ಒಪ್ಪಿತು.

ಆಸ್ಪತ್ರೆಯ ವಾರ್ಡಿನಲ್ಲೇ "ಬಂದದ್ದರಲ್ಲಿ ಪರ್ಸೆಂಟೇಜ್ ಕೊಡಿ ಸಾಕು" ಎಂದು ವಕಾಲತ್ತಿಗೆ ಸಹಿ ಕೇಳುವ ಏಜೆಂಟರೂ ಬರುತ್ತಾರೆ. ವಕೀಲರು ಪಾಲಿನ ಮೇಲೆ ಶುಲ್ಕ ಪಡೆಯುವುದು ಬಾರ್ ಕೌನ್ಸಿಲ್ ನಿಯಮಕ್ಕೇ ವಿರುದ್ಧ.

ನಗದಿನಲ್ಲಿ ದುಡಿಯುವವರು ಹಣವನ್ನು ಖಾತೆಗೆ ಹಾಕಿಸಿಕೊಳ್ಳಿ, ತೆರಿಗೆ ಬಾರದಿದ್ದರೂ ರಿಟರ್ನ್ ಸಲ್ಲಿಸಿ. ಅಪಘಾತವಾದರೆ ಕಾಲು ವಾಸಿಯಾಗಲಿ ಎಂದು ಕಾಯಬೇಡಿ: 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿಯ ಪ್ರಕಾರ ಅರ್ಜಿ ಹಾಕಲು ಇರುವುದು ಆರು ತಿಂಗಳು.