ನೊರೆಹಾಲು, ಚಿತ್ರಾನ್ನ ಮತ್ತು ಮೂಗಿನ ಸಾಕ್ಷಿ

ಅಡುಗೆಮನೆಯಲ್ಲಿ ನಾವು ಎಲ್ಲಕ್ಕಿಂತ ಹೆಚ್ಚು ನಂಬುವುದು ಮೂಗನ್ನು. ಹಾಲನ್ನು ಮೂಸಿ ನೋಡುತ್ತೇವೆ, ಸಾರನ್ನು ಅಂಗೈಗೆ ಬಿಟ್ಟುಕೊಂಡು ನೆಕ್ಕುತ್ತೇವೆ, ಅನ್ನ ಎಳೆ ಬಿಡುತ್ತಿದೆಯೇ ಎಂದು ಬೆರಳಿನಲ್ಲಿ ಹಿಸುಕುತ್ತೇವೆ. ಇಷ್ಟು ವರ್ಷ ಒಲೆಯ ಮುಂದೆ ನಿಂತ ಮೇಲೆ ನಾನು ಬಿಟ್ಟುಕೊಡಬೇಕಾಗಿ ಬಂದದ್ದು ಈ ನಂಬಿಕೆಯನ್ನೇ. ಹಳಸುವುದು ಬೇರೆ, ರೋಗ ತರುವುದು ಬೇರೆ. ಆಹಾರವನ್ನು ಹುಳಿಯಾಗಿಸಿ, ಲೋಳೆಯಾಗಿಸಿ, ನಾರಿಸುವ ಸೂಕ್ಷ್ಮಜೀವಿಗಳು ಗದ್ದಲ ಮಾಡಿಕೊಂಡೇ ಬರುತ್ತವೆ. ಸಾಲ್ಮೊನೆಲ್ಲಾ, ಲಿಸ್ಟೀರಿಯಾದಂಥವು ಬಣ್ಣ, ವಾಸನೆ, ರುಚಿ ಯಾವುದನ್ನೂ ಕೆಡಿಸದೆ ತಟ್ಟೆಗೆ ಬಂದುಬಿಡಬಲ್ಲವು. ಹಾಗಾಗಿ ಮೂಗು ಹೇಳುವ ಸಾಕ್ಷಿ ಸುಳ್ಳಲ್ಲದಿದ್ದರೂ ಅರ್ಧ ಮಾತ್ರ. ಉಳಿದರ್ಧವನ್ನು ಕೇಳಿ ತಿಳಿಯಬೇಕಾದದ್ದು ಶಾಖ ಮತ್ತು ಹೊತ್ತು ಎಂಬ ಇಬ್ಬರಿಂದ.

ಇದನ್ನು ಮಾಲ್ಟಾ ದ್ವೀಪ ದುಬಾರಿ ಬೆಲೆ ತೆತ್ತು ಕಲಿಯಿತು. ಅಲ್ಲಿದ್ದ ಬ್ರಿಟಿಷ್ ಸೈನಿಕರನ್ನು ವಾರಗಟ್ಟಲೆ ಏರಿ ಇಳಿಯುವ ಜ್ವರ ಹಣ್ಣು ಮಾಡುತ್ತಿತ್ತು. 1887ರಲ್ಲಿ ಸೇನಾ ವೈದ್ಯ ಡೇವಿಡ್ ಬ್ರೂಸ್ ಆ ರೋಗಾಣುವನ್ನು ಬೇರ್ಪಡಿಸಿದರು. ಆದರೆ ಅದು ದೇಹದೊಳಕ್ಕೆ ಬರುವ ದಾರಿ ಮತ್ತೆ 18 ವರ್ಷ ಯಾರಿಗೂ ಹೊಳೆಯಲಿಲ್ಲ. 1905ರಲ್ಲಿ ಮಾಲ್ಟಾದವರೇ ಆದ ಥೆಮಿಸ್ಟೋಕ್ಲಿಸ್ ಜಾಮಿಟ್ ಆಡುಗಳ ರಕ್ತ ಪರೀಕ್ಷಿಸಿದಾಗ ಗುಟ್ಟು ರಟ್ಟಾಯಿತು. ನೋಡಲು ಗುಂಡುಗುಂಡಾಗಿದ್ದ, ಮೇವಿಗೆ ಬಾಯಿ ಹಾಕುತ್ತಿದ್ದ ಆಡುಗಳೇ ಹಾಲಿನಲ್ಲಿ ಜ್ವರ ಹಂಚುತ್ತಿದ್ದವು. 1906ರಲ್ಲಿ ಸೈನ್ಯ ಆಡಿನ ಹಸಿ ಹಾಲು ನಿಲ್ಲಿಸಿತು, ಸೈನಿಕರಲ್ಲಿ ಜ್ವರ ಹೆಚ್ಚುಕಡಿಮೆ ಅಡಗಿಯೇಹೋಯಿತು. ಊರ ಜನ ಮಾತ್ರ ಬಿಡಲಿಲ್ಲ. ಆಡನ್ನು ಮನೆಬಾಗಿಲಿಗೇ ಹೊಡೆದುಕೊಂಡು ಬಂದು ಕಣ್ಣೆದುರೇ ಕರೆದುಕೊಡುವ ಹಾಲು, ಅದಕ್ಕಿಂತ ತಾಜಾ ಇನ್ನೇನಿದೆ ಎಂಬುದು ಅವರ ವಾದ. ಈ ವಾದ ನಮಗೂ ಚೆನ್ನಾಗಿ ಗೊತ್ತಿರುವಂಥದ್ದೇ. ತಂಬಿಗೆಯಿಂದ ನೇರ ಬಾಯಿಗೆ ಸುರಿದುಕೊಳ್ಳುವ ನೊರೆಹಾಲಿನ ಗುಣಗಾನ ನಮ್ಮ ಹಳ್ಳಿಗಳಲ್ಲೂ ಇದೆ. ಈಗ ಅದೇ ಹಾಲು ಗಾಜಿನ ಬಾಟಲಿಯೇರಿ, ‘ನೈಸರ್ಗಿಕ’ ಎಂಬ ಹೆಸರು ಹೊತ್ತು ಬೆಂಗಳೂರಿನ ಅಪಾರ್ಟ್‌ಮೆಂಟುಗಳಿಗೆ ದುಪ್ಪಟ್ಟು ಬೆಲೆಗೆ ಬರುತ್ತಿದೆ. ಹಸು ಕಂದು ಹಾಕಿತು ಎಂದು ನಮ್ಮ ರೈತರು ಹೇಳುವಾಗ ಅದರ ಹಿಂದೆ ಎಷ್ಟೋ ಸಲ ಇರುವುದು ಮಾಲ್ಟಾದ ಆ ರೋಗಾಣುವಿನ ದಾಯಾದಿಯೇ, ಅದೇ ಬ್ರುಸೆಲ್ಲಾ ಕುಲದ್ದು. ಅದಕ್ಕೆಂದೇ 4ರಿಂದ 8 ತಿಂಗಳ ಹೆಣ್ಣು ಕರುಗಳಿಗೆ ಲಸಿಕೆ ಹಾಕುವ ಕೇಂದ್ರ ಸರ್ಕಾರದ ಕಾರ್ಯಕ್ರಮ 2019ರಿಂದ ನಡೆಯುತ್ತಿದೆ.

‘ನಮ್ಮಜ್ಜ ನೊರೆಹಾಲು ಕುಡಿದೇ ತೊಂಬತ್ತು ಬದುಕಿದ’ ಎನ್ನುವವರಿಗೆ ನನ್ನ ಉತ್ತರ ಇಷ್ಟೇ: ಬದುಕಿದ ಅಜ್ಜಂದಿರ ಕತೆ ಹೇಳಲು ಮೊಮ್ಮಕ್ಕಳಿರುತ್ತಾರೆ, ಎಳವೆಯಲ್ಲೇ ಹೋದವರ ಕತೆ ಹೇಳುವವರು ಯಾರು? ಬ್ರುಸೆಲ್ಲಾ ಜ್ವರ ಸಾಮಾನ್ಯವಾಗಿ ಹಾಲು ಕುಡಿದು ವಾರಗಳಾದ ಮೇಲೆ, ಕೀಲುನೋವು, ಬೆವರುಗಳ ವೇಷದಲ್ಲಿ ಬರುತ್ತದೆ. ಟೈಫಾಯಿಡ್ ಎಂದೋ ಕ್ಷಯ ಎಂದೋ ಹೆಸರು ಪಡೆಯುತ್ತದೆ, ಹಾಲಿನ ಮೇಲೆ ಅನುಮಾನವೇ ಬೀಳುವುದಿಲ್ಲ. ಕಾಯಿಸಿದರೆ ಸತ್ವ ಹೋಗುತ್ತದೆ ಎಂಬ ಇನ್ನೊಂದು ಆಕ್ಷೇಪದಲ್ಲಿ ಹನಿಯಷ್ಟು ನಿಜವಿದೆ. ಸಿ ಜೀವಸತ್ವ ಒಂದಿಷ್ಟು ಕಡಿಮೆಯಾಗುತ್ತದೆ, ಆದರೆ ಸಿ ಜೀವಸತ್ವಕ್ಕೆಂದು ಹಾಲು ಕುಡಿಯುವವರಿಲ್ಲ. ಅದಕ್ಕೆ ನೆಲ್ಲಿಕಾಯಿ ಇದೆ. ಹಾಲಿನ ನಿಜವಾದ ಆಸ್ತಿಗಳಾದ ಸುಣ್ಣದಂಶವೂ ಪ್ರೋಟೀನೂ ಪಾಶ್ಚರೀಕರಣದಲ್ಲಿ ಹೋಗುವುದಿಲ್ಲ. ಲೂಯಿ ಪಾಶ್ಚರ್ 1860ರ ದಶಕದಲ್ಲಿ ದ್ರಾಕ್ಷಾರಸ ಕೆಡದಿರಲೆಂದು ಕಂಡುಕೊಂಡ ಈ ಉಪಾಯದ ಜಾಣತನವಿರುವುದೇ ಅದರ ಮಿತದಲ್ಲಿ. 63 ಡಿಗ್ರಿ ಸೆಲ್ಸಿಯಸ್‌ನಲ್ಲಿ 30 ನಿಮಿಷ, ಇಲ್ಲವೇ 72 ಡಿಗ್ರಿಯಲ್ಲಿ 15 ಸೆಕೆಂಡು, ಆಮೇಲೆ ತಡಮಾಡದೆ ತಣಿಸುವುದು. ಅಷ್ಟು ಸಾಕಾಯಿತೇ ಎಂದು ತಿಳಿಯಲು ಡೇರಿಗಳು ಮೂಸುತ್ತ ಕೂರುವುದಿಲ್ಲ. ಹಸಿ ಹಾಲಿನಲ್ಲಿ ಫಾಸ್ಫಟೇಸ್ ಎಂಬ ಕಿಣ್ವವಿದೆ. ಕ್ಷಯದ ರೋಗಾಣು ಸಾಯುವುದಕ್ಕಿಂತ ತುಸು ಹೆಚ್ಚು ಬಿಸಿ ತಾಗಿದರಷ್ಟೇ ಅದು ನಾಶವಾಗುತ್ತದೆ. ಕಿಣ್ವ ಉಳಿದಿದ್ದರೆ ಹಾಲು ಸರಿಯಾಗಿ ಕಾದಿಲ್ಲ ಎಂದರ್ಥ. ಸಾಕ್ಷಿ ಎಂದರೆ ಇಂಥದ್ದು.

ಮನೆಯಲ್ಲಿ ಹೇಗೂ ಕುದಿಸುತ್ತೇವಲ್ಲ, ಇದೆಲ್ಲ ಯಾಕೆ? ಕುದಿಸುವುದು ಒಳ್ಳೆಯದೇ. ಪ್ಯಾಕೆಟ್ ಹಾಲು ಕೂಡ ಪೂರ್ತಿ ನಿರ್ಜೀವವಲ್ಲ, ಬಿಸಿ ತಾಳುವ ಕೆಲವು ಜೀವಿಗಳು ಅದರಲ್ಲಿ ಉಳಿದಿರುತ್ತವೆ. ಅಂಗಡಿಯ ಹೊರಗೆ ಟ್ರೇಯಲ್ಲಿ ಬಿಸಿಲು ಕಾಯಿಸಿದ ಪ್ಯಾಕೆಟ್ಟನ್ನು ನಾನೂ ಕುದಿಸದೆ ಬಳಸುವುದಿಲ್ಲ. ಆದರೆ ಎಲ್ಲ ಹಾಲೂ ಒಲೆ ಹತ್ತುವುದಿಲ್ಲ. ಪಂಚಾಮೃತಕ್ಕೆ ಹಸಿ ಹಾಲೇ ಆಗಬೇಕೆಂಬ ಹಟವಿದೆ, ಅದನ್ನು ಮೊದಲು ಕೈಯೊಡ್ಡಿ ಕುಡಿಯುವುದು ಮಕ್ಕಳು, ಬಸುರಿಯರು, ಮುದುಕರು, ಅಂದರೆ ಸೋಂಕು ಯಾರನ್ನು ಹೆಚ್ಚು ಕಾಡುತ್ತದೋ ಅವರೇ. ಕಾಯಿಸಿ ಆರಿಸಿದ ಹಾಲಿನ ಪಂಚಾಮೃತಕ್ಕೆ ದೇವರು ಮುನಿದಾನೆಂದು ನನಗನ್ನಿಸುವುದಿಲ್ಲ.

ಹಾಗೆಂದು ಬೆಂಕಿಯೊಂದೇ ಎಲ್ಲವನ್ನೂ ಕಾಯುತ್ತದೆ ಎಂದುಕೊಂಡರೆ ಅನ್ನ ಪಾಠ ಕಲಿಸುತ್ತದೆ. ಅಕ್ಕಿಯಲ್ಲಿರುವ ಬ್ಯಾಸಿಲಸ್ ಸೀರಿಯಸ್ ಬೀಜಾಣುಗಳು ಅನ್ನ ಬೆಂದರೂ ಸಾಯುವುದಿಲ್ಲ. ಅನ್ನ ಮುಚ್ಚಿದ ಪಾತ್ರೆಯಲ್ಲಿ ನಿಧಾನವಾಗಿ ಆರುತ್ತಿದ್ದಂತೆ ಮೊಳೆತು, ಬೆಳೆದು, ವಾಂತಿ ಬರಿಸುವ ವಿಷ ಉಗುಳುತ್ತವೆ. ಬೆಳಿಗ್ಗೆ ಅದೇ ಅನ್ನವನ್ನು ಒಗ್ಗರಣೆಯಲ್ಲಿ ಎಷ್ಟೇ ಹುರಿದು ಚಿತ್ರಾನ್ನ ಮಾಡಿದರೂ ಆ ವಿಷ ಕರಗದು. ಜೀವಿ ಸಾಯುತ್ತದೆ, ಅದು ಬಿಟ್ಟುಹೋದ ವಿಷ ಉಳಿಯುತ್ತದೆ. ಅಡುಗೆಯವರ ಕೈಗಾಯದಿಂದ ಖೋವಾಕ್ಕೋ ಪಾಯಸಕ್ಕೋ ಇಳಿಯುವ ಸ್ಟೆಫಿಲೊಕಾಕಸ್ಸಿನ ಕತೆಯೂ ಇದೇ. ತಪ್ಪು ಚಿತ್ರಾನ್ನದ್ದಲ್ಲ, ರಾತ್ರಿಯಿಡೀ ಕಟ್ಟೆಯ ಮೇಲೆ ಕೂತ ಪಾತ್ರೆಯದ್ದು. ಮಿಕ್ಕ ಅನ್ನವನ್ನು ಅಗಲ ತಟ್ಟೆಯಲ್ಲಿ ಹರಡಿ ಆರಿಸಿ, ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿದರೆ ಚಿತ್ರಾನ್ನಕ್ಕೆ ಅಡ್ಡಿಯಿಲ್ಲ. ಫ್ರಿಜ್ಜೂ ಸರ್ವಶಕ್ತನಲ್ಲ, ಆ ಚಳಿಯಲ್ಲೂ ಲಿಸ್ಟೀರಿಯಾ ಮೆಲ್ಲಗೆ ಬೆಳೆಯುತ್ತಲೇ ಇರುತ್ತದೆ.

ಕೊನೆಯ ಆಕ್ಷೇಪ ಒಳ್ಳೆಯ ಬ್ಯಾಕ್ಟೀರಿಯಾಗಳದ್ದು: ಕಾಯಿಸಿದರೆ ಅವೂ ಸಾಯುತ್ತವಲ್ಲ? ಸಾಯುತ್ತವೆ. ಇದಕ್ಕೆ ಉತ್ತರ ನಮ್ಮ ಮನೆಗಳಲ್ಲೇ ದಿನಾ ರಾತ್ರಿ ಸಿಗುತ್ತದೆ. ಹಾಲನ್ನು ಕಾಯಿಸಿ, ಇದ್ದವರನ್ನೆಲ್ಲ ಓಡಿಸಿ, ಉಗುರುಬೆಚ್ಚಗಾದಾಗ ಬೇಕಾದವರನ್ನು ಒಂದು ಚಮಚ ಹೆಪ್ಪಿನಲ್ಲಿ ಕರೆತರುತ್ತೇವೆ. ಸೂಕ್ಷ್ಮಜೀವಿಗಳೆಲ್ಲ ಹಿಗ್ಗುವ ಆ ಉಗುರುಬೆಚ್ಚನೆಯಲ್ಲಿ ಹೆಪ್ಪಿನ ಪಡೆ ಸಂಖ್ಯೆಯಿಂದ ಗೆಲ್ಲುತ್ತದೆ, ಹುಳಿಯಿಂದ ಉಳಿದವರನ್ನು ಹತ್ತಿಕ್ಕುತ್ತದೆ. ಅದೇ ಕಟ್ಟೆಯ ಮೇಲೆ, ಅದೇ ಉಗುರುಬೆಚ್ಚಗೆ, ಪಕ್ಕದಲ್ಲೇ ಸಾರಿನ ಪಾತ್ರೆ ಕೂತಿರುತ್ತದೆ. ಅದಕ್ಕೆ ಹೆಪ್ಪು ಹಾಕಿದವರು ಯಾರೆಂದು ಮಾತ್ರ ಗೊತ್ತಿರುವುದಿಲ್ಲ.